ನೈದಿಲೆಯ ಎರಡನೆಯ ದಿನ

“ಇಂಥಾ ಹೂವು ಲೋಕದಲ್ಲೇ ಇಲ್ಲ” ಎಂದ ಕಮಲಾಕರ ಭಟ್ಟ, ಲೆನ್ಸನ್ನು ಮೇಜಿನ ಮೇಲಿಟ್ಟು.

ಚಹಾದ ಕಪ್ಪು ಹಿಡಿದು ಬರುತ್ತಿದ್ದ ಸುನೀತಾ ಅಡುಗೆಮನೆಯ ಬಾಗಿಲಲ್ಲೇ ನಿಂತಳು. ಮೇಜಿನ ಮೇಲಿದ್ದದ್ದು ಅವಳು ಊಟ ನಿದ್ದೆ ಮರೆತು ಬರೆದ ನೀಲಿ ನೈದಿಲೆಯ ಚಿತ್ರ. ಒಂದು ಕಡೆ ಇಡೀ ಹೂವು. ಇನ್ನೊಂದು ಕಡೆ ಅದೇ ಹೂವನ್ನು ನಡುವೆ ಸೀಳಿದರೆ ಒಳಗೆ ಕಾಣುವುದೆಲ್ಲ: ಹೊರಗಿನ ಹಸಿರು ದಳ, ನೀಲಿ ಎಸಳು, ಅದರೊಳಗೆ ಕೇಸರಗಳ ಸಾಲು, ಎಲ್ಲದರ ನಡುವೆ ಹಳದಿ ಬಟ್ಟಲು.

“ಇಲ್ಲ ಅಂದ್ರೆ? ನೀವೇ ಅಲ್ಲವಾ ಸರ್ ಬಕೆಟ್ಟಿನಲ್ಲಿ ತಂದುಕೊಟ್ಟದ್ದು?”

“ತಂದ ಹೂವು ಖರೆ. ಬರೆದ ಹೂವು ಸುಳ್ಳು.”

ಕಪ್ಪನ್ನು ಅವಳು ಮೇಜಿನ ಮೇಲೆ ಇಟ್ಟ ರಭಸಕ್ಕೆ ಅರ್ಧ ಚಹಾ ಕೆಳಗಿನ ಬಸಿಗೆ ಬಂತು. ಕಮಲಾಕರ ಗಡಬಡಿಸಿ ಚಿತ್ರವನ್ನು ಎರಡೂ ಕೈಯಿಂದ ಎತ್ತಿ ಎದೆಗೆ ಹಿಡಿದುಕೊಂಡ. ಸುಳ್ಳು ಎಂದವನೇ ಅದನ್ನು ಮಗುವಿನ ಹಾಗೆ ಕಾಯುವುದನ್ನು ನೋಡಿ, ಬೇರೆ ದಿನವಾಗಿದ್ದರೆ ಅವಳಿಗೆ ನಗು ಬರುತ್ತಿತ್ತು.

“ಸಿಟ್ಟು ಮಾಡ್ಬೇಡಿ ಅಕ್ಕೋರೆ. ಇಲ್ನೋಡಿ. ಬಟ್ಟಲು ತುಂಬ ನೀರು ಬರೆದೀರಿ. ಅದರ ಮೇಲೆ ಕೇಸರ ಎಲ್ಲ ಒಳಗೆ ಬಗ್ಗಿ ಬಟ್ಟಲು ಮುಚ್ಚಿದ ಹಾಗೆ ಬರೆದೀರಿ. ಇವೆರಡೂ ಒಂದೇ ಹೊತ್ತಿಗೆ ಒಂದು ಹೂವಿನಲ್ಲಿ ಇರೂದಿಲ್ಲ.”

ಕಾರವಾರದ ಹೈಸ್ಕೂಲಿನಲ್ಲಿ ಡ್ರಾಯಿಂಗ್ ಕಲಿಸುವ ಸುನೀತಾ ಗಾಂವಕರಳನ್ನು ಮಕ್ಕಳೆಲ್ಲ ಅಕ್ಕೋರು ಎನ್ನುತ್ತಾರೆ. ಅಂಕೋಲೆಯ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಹೇಳುವ ಈ ಭಟ್ಟನೂ ಅದನ್ನೇ ಹಿಡಿದುಕೊಂಡಿದ್ದ. ಮಕ್ಕಳು ಗೌರವಕ್ಕೆ ಹೇಳಿದರೆ ಇವನು ಛೇಡಿಸುವುದಕ್ಕೆ.

“ನಾನು ನೋಡಿದ್ದನ್ನೇ ಬರೆಯೂದು” ಎಂದಳು ಅವಳು. “ಫೋಟೋ ನೋಡೂದಿಲ್ಲ, ಪುಸ್ತಕ ನೋಡೂದಿಲ್ಲ. ಹೂವನ್ನೇ ನೋಡೂದು. ಒಂದು ಚಿತ್ರಕ್ಕೆ ಒಂದೇ ಹೂವು. ನಿಮಗೆ ಗೊತ್ತಿಲ್ಲವಾ?”

“ಗೊತ್ತಿದೆ. ಅದಕ್ಕೇ ಆಶ್ಚರ್ಯ.”

“ಹಾಗಾದ್ರೆ ನಾನು ಕುರುಡಿ.”

“ಹಂಗೆ ಯಾರು ಹೇಳಿದ್ರು ಮಾರಾಯ್ರೆ? ಮತ್ತೊಮ್ಮೆ ಬರೀಬೇಕು, ಅಷ್ಟೇ.”

“ಟೈಮಿಲ್ಲ.” ಹೇಳಬಾರದೆಂದು ಮಾಡಿಕೊಂಡ ಮಾತು ಸಿಟ್ಟಿನಲ್ಲಿ ಹೊರಬಿದ್ದುಬಿಟ್ಟಿತು. “ದೀಪಾವಳಿ ಮುಗಿದ ಮೇಲೆ ನಾನು ಪುಣೆಗೆ ಹೋಗ್ತೆ. ಒಂದು ವರ್ಷದ ಕೆಲಸ, ಗಿಡಗಳ ಚಿತ್ರ ಬರೆಯೂದೇ. ಶಾಲೆಯಲ್ಲಿ ರಜೆಗೆ ಹೇಳಿಯಾಯ್ತು. ಪುಣೆಯವರಿಗೆ ಸೋಮವಾರ ಉತ್ತರ ಹೇಳಬೇಕು.”

ಕಮಲಾಕರ ಚಿತ್ರವನ್ನು ಮೆಲ್ಲಗೆ ಕೆಳಗಿಟ್ಟ. ಕನ್ನಡಕ ತೆಗೆದು ಅಂಗಿಯ ತುದಿಯಿಂದ ಒರೆಸಿದ. ಒರೆಸಿದ್ದನ್ನೇ ಒರೆಸಿದ. ಅವಳು ಅವನ ಬಾಯಿಯನ್ನೇ ನೋಡುತ್ತ ನಿಂತಳು. ಏನಾದರೂ ಹೇಳುತ್ತಾನೆ, ಏನಾದರೂ.

“ಹಾಗಾದ್ರೆ ಲಗೂನ ಮುಗಿಸ್ಬೇಕು” ಎಂದ ಅವನು.

ಅಷ್ಟೇ. ಸುನೀತಾಳಿಗೆ ಮೇಜಿನ ಮೇಲಿನ ಬಸಿಯನ್ನು ಅವನ ತಲೆಯ ಮೇಲೆ ಮಗುಚಬೇಕು ಎನಿಸಿತು.

ಕಮಲಾಕರ ಎಂದು ಹೆಸರಿಟ್ಟುಕೊಂಡು ಕೆರೆಯ ಹೂಗಳ ಹಿಂದೆ ಬಿದ್ದವನು ಇವನೊಬ್ಬನೇ ಇರಬೇಕು. ಕಾಲೇಜಿನ ಹುಡುಗರು ಆ ಬಗ್ಗೆ ಮಾಡದ ತಮಾಷೆಯಿಲ್ಲ. ಕಾರವಾರ, ಅಂಕೋಲೆ ಕಡೆಯ ಕೆರೆ, ಗದ್ದೆ, ಹಳ್ಳಗಳಲ್ಲಿ ಬೆಳೆಯುವ ಗಿಡಗಳ ಮೇಲೆ ಒಂದು ಪುಸ್ತಕ ಮಾಡಬೇಕೆಂಬುದು ಅವನ ಹಂಬಲ. ಅದಕ್ಕೆ ಚಿತ್ರ ಬರೆಯುವವರನ್ನು ಹುಡುಕುತ್ತ ಮೂರು ವರ್ಷದ ಕೆಳಗೆ ಸುನೀತಾಳ ಶಾಲೆಗೆ ಬಂದಿದ್ದ. ಹನ್ನೆರಡು ಚಿತ್ರ ಎಂದು ಮಾತಾಗಿತ್ತು. ಹನ್ನೊಂದು ಮುಗಿದಿದ್ದವು. ನೈದಿಲೆಯೇ ಕೊನೆಯದು.

ಮೊದಲನೆಯದು ಒಂದೆಲಗ. ಅದು ಮುಗಿದ ಸಂಜೆ ಇಬ್ಬರೂ ಕಾರವಾರದ ಕಡಲ ದಂಡೆಯಲ್ಲಿ ಕುಳಿತು ಶೇಂಗಾ ತಿಂದಿದ್ದರು. ಗಾಳಿಗೆ ಅವನ ಕೂದಲು ಹಣೆಯ ಮೇಲೆ ಬೀಳುವುದನ್ನೂ ಅವನು ಅದನ್ನು ಮೊಣಕೈಯಿಂದ ಹಿಂದಕ್ಕೆ ತಳ್ಳುವುದನ್ನೂ ಸುನೀತಾ ಓರೆಗಣ್ಣಿನಿಂದ ನೋಡುತ್ತಿದ್ದಳು. ಕೊನೆಗೆ ಉಸಿರು ಬಿಗಿಹಿಡಿದು, ತಮಾಷೆಯ ದನಿಯಲ್ಲಿ ಕೇಳಿದ್ದಳು: “ಮದುವೆ ವಿಚಾರ ಏನು ಸರ್ ನಿಮ್ಮದು?”

“ನಂಗೆಂತಕ್ಕೆ ಮದುವೆ? ನನ್ನ ಕೆರೆ, ನನ್ನ ಸ್ಕೂಟರು, ಇಷ್ಟು ಸಾಕು” ಎಂದು ನಕ್ಕಿದ್ದ ಅವನು. ಅವಳೂ ನಕ್ಕಿದ್ದಳು. ಆಮೇಲೆ ತಿಂದ ಶೇಂಗಾ ಒಂದಕ್ಕೂ ರುಚಿ ಇರಲಿಲ್ಲ.

ಅಂದಿನಿಂದ ಸುನೀತಾ ಆ ಮಾತನ್ನು ಗಂಟುಕಟ್ಟಿ ಅಟ್ಟಕ್ಕೆ ಹಾಕಿದ್ದಳು. ಅವನು ಹೂವು ಬಾಡಬಾರದೆಂದು ಸ್ಕೂಟರಿನ ಕಾಲ ಬಳಿ ನೀರಿನ ಬಕೆಟ್ಟಿಟ್ಟುಕೊಂಡು, ಅಷ್ಟು ಲಾರಿಗಳ ನಡುವೆ ಬಿಣಗಾ ದಾಟಿ ಕಾರವಾರಕ್ಕೆ ಬರುತ್ತಿದ್ದ. ಪುಸ್ತಕದ ಸಲುವಾಗಿ ಎಂದುಕೊಂಡಳು. ಅವಳು ಜ್ವರ ಬಂದು ಮಲಗಿದಾಗ ಅವನ ಆಯಿ ಕುದಿಸಿದ ಕಷಾಯವನ್ನು ತನ್ನೂರು ಸುಂಕಸಾಳದಿಂದ ಥರ್ಮಾಸಿನಲ್ಲಿ ತಂದಿದ್ದ. ಚಿತ್ರ ತಡವಾಗಬಾರದಲ್ಲ ಎಂದುಕೊಂಡಳು. ಪ್ರತಿ ಚಿತ್ರದಲ್ಲೂ ಏನಾದರೊಂದು ತಪ್ಪು ಹುಡುಕಿ ಮತ್ತೆ ಮತ್ತೆ ಬರುತ್ತಿದ್ದ. ಕಿರಿಕಿರಿಯ ಮನುಷ್ಯ ಎಂದುಕೊಂಡಳು.

ಈಗ ಈ ಚಿತ್ರವೂ ಮುಗಿದರೆ ಭಟ್ಟನಿಗೆ ಕಾರವಾರಕ್ಕೆ ಬರಲು ನೆಪವೇ ಇರುವುದಿಲ್ಲ. ಪುಣೆಯವರು ಕರೆದಾಗ ಅವಳು ಹೂಂ ಎನ್ನಲು ಹೊರಟದ್ದು ಅರ್ಧ ಕೆಲಸದ ಆಸೆಗೆ, ಅರ್ಧ ಈ ಖಾಲಿ ಬೀಳುವ ಹೆದರಿಕೆಗೆ. ಅವನೊಮ್ಮೆ ಏನಾದರೂ ಹೇಳಿದ್ದರೆ ಎಂಬ ಆಸೆ ಮಾತ್ರ ಅಟ್ಟದ ಗಂಟಿನೊಳಗೆ ಇಲಿಯ ಹಾಗೆ ಕರಪರ ಎನ್ನುತ್ತಲೇ ಇತ್ತು.

ದಸರೆಯ ರಜೆ ಇನ್ನೂ ಇತ್ತು. ಸುನೀತಾ ಬಣ್ಣ, ಬ್ರಶ್ಶು, ಹಲಗೆ ಕಟ್ಟಿಕೊಂಡು ಅವರ್ಸಾದ ತನ್ನ ಸೋದರತ್ತೆ ಹೊನ್ನತ್ತೆಯ ಮನೆಗೆ ಹೋದಳು. ಮನೆಯ ಹಿಂದೆ ಗದ್ದೆ, ಗದ್ದೆಯಾಚೆ ಕೆರೆ. ಅವನು ಬಕೆಟ್ಟಿನಲ್ಲಿ ತರುತ್ತಿದ್ದ ನೈದಿಲೆ ಆ ಕೆರೆಯದ್ದೇ. ಈ ಸಲ ಹೂವನ್ನು ಕೆರೆಯಲ್ಲೇ ನೋಡಿ ಬರೆಯುವುದೆಂದು ಇಬ್ಬರಿಗೂ ಮಾತಾಗಿತ್ತು.

ಬೆಳಿಗ್ಗೆ ಅವಳು ಕೆರೆಗೆ ಹೋದಾಗ ಕಮಲಾಕರ ಆಗಲೇ ಪ್ಯಾಂಟು ಮಡಚಿಕೊಂಡು ಹೊನ್ನತ್ತೆಯ ಚಿಕ್ಕ ದೋಣಿಯೊಳಗಿನ ನೀರು ಗೋರುತ್ತಿದ್ದ.

“ದೋಣಿಯಲ್ಲಿ ಕೂತು ಬರೆಯೂದಾ? ಕೈ ಅಲುಗಾಡಿದ್ರೆ?”

“ನಾನು ಅಲುಗಾಡೂದಿಲ್ಲ.”

“ನಿಮ್ಮ ಸುದ್ದಿ ಯಾರು ಕೇಳಿದ್ರು? ದೋಣಿ ಸುದ್ದಿ.”

ಅವನು ಪೆಚ್ಚು ನಗೆ ನಕ್ಕು ಕೈ ನೀಡಿದ. ಅವಳು ಆ ಕೈ ಹಿಡಿಯದೆ ಹತ್ತಹೋಗಿ, ದೋಣಿ ವಾಲಿದಾಗ ಅವನ ಹೆಗಲನ್ನೇ ಹಿಡಿದಳು. ಕೂತ ಮೇಲೂ ಅಂಗೈಯಲ್ಲಿ ಅವನ ಅಂಗಿಯ ಬಿಸಿ ಉಳಿದಿತ್ತು. ಅವಳು ಕೈಯನ್ನು ಕೆರೆಯ ನೀರಿನಲ್ಲಿ ಅದ್ದಿ ಒರೆಸಿಕೊಂಡಳು.

ಕೆರೆಯ ನಡುವೆ ಒಂದು ಮೊಗ್ಗಿನ ದಂಟಿಗೆ ಕೆಂಪು ಉಲ್ಲನ್ ದಾರ ಕಟ್ಟಿತ್ತು.

“ಇದು ಇನ್ನೂ ಒಮ್ಮೆಯೂ ಬಿರಿದದ್ದಲ್ಲ” ಎಂದ ಅವನು. “ನಿನ್ನೆ ಸಂಜೆ ಬಂದು ನೋಡಿಟ್ಟೆ. ದಾರ ಹೊನ್ನತ್ತೆಯ ಡಬ್ಬಿಯದ್ದು. ಇನ್ನು ಇದೊಂದೇ ಹೂವನ್ನು ಕೀಳದೆ ದಿನಾ ನೋಡೂದು.”

ಬಿಸಿಲು ಗದ್ದೆಯ ತೆಂಗಿನ ಸಾಲು ದಾಟಿ ನೀರಿಗೆ ಇಳಿಯಿತು. ಹೊರಗಿನ ನಾಲ್ಕು ದಳ ಸಡಿಲಾದವು. ಆಮೇಲೆ ನೀಲಿ ಕಾಣಿಸಿತು, ಮೊದಲು ಗೆರೆಯಷ್ಟು, ನೋಡುತ್ತಿದ್ದ ಹಾಗೇ ಅಂಗೈಯಷ್ಟು. ಸುನೀತಾ ಮಾತು ಮರೆತು ಪೆನ್ಸಿಲ್ ಹಿಡಿದಳು. ಕೇಸರಗಳು ನೆಟ್ಟಗೆ ನಿಂತಿದ್ದವು, ಒಂದೊಂದರ ತುದಿಯಲ್ಲೂ ನೀಲಿ ಚುಕ್ಕೆ. ನಡುವಿನ ಬಟ್ಟಲು ತೆರೆದಿತ್ತು, ಅದರ ತುಂಬ ತಿಳಿಯಾದ ರಸ ಹೊಳೆಯುತ್ತಿತ್ತು.

“ಇದೇ! ನಾ ಬರೆದದ್ದು ಇದೇ ನೀರು” ಎಂದಳು ಅವಳು.

“ಖರೆ. ಮೊದಲ ದಿನ ಇದು ಹೆಣ್ಣು ಹೂವು. ಬೇರೆ ಹೂವಿನ ಪುಡಿ ಮೈಗೆ ಹಚ್ಚಿಕೊಂಡು ಬಂದ ಹುಳ ಈ ರಸಕ್ಕೆ ಜಾರಿದ್ರೆ ಇದರ ಕೆಲಸ ಆದ ಹಾಗೆ.”

“ಹುಳದ ಗತಿ?”

“ಕೆಲವು ಸಾಯ್ತವೆ.”

“ಪಾಪ. ಪ್ರೀತಿ ಮಾಡಿ ಬಂದದ್ದಕ್ಕೆ.”

“ಪ್ರೀತಿ ಮಾಡಿ ಅಲ್ಲ, ಹಸಿವಾಗಿ” ಎಂದ ಭಟ್ಟ ಗಂಭೀರವಾಗಿ. ಅವಳು ಇನ್ನು ಈ ಮನುಷ್ಯನ ಹತ್ತಿರ ಮಾತಾಡುವುದಿಲ್ಲವೆಂದು ತಲೆ ತಗ್ಗಿಸಿ ಬರೆಯತೊಡಗಿದಳು. ಬಿಸಿಲು ಏರಿದ ಹಾಗೆ ಕಾಗದ ಕಣ್ಣಿಗೆ ಚುಚ್ಚತೊಡಗಿತು. ಕೇಳದೆಯೇ ಒಂದು ಕಪ್ಪು ಕೊಡೆ ಅವಳ ತಲೆಯ ಮೇಲೆ ಬಂದು ನಿಂತಿತು. ಹೂವು ಮುಚ್ಚಲು ಶುರುಮಾಡುವವರೆಗೂ ಆ ಕೊಡೆ ಒಂದು ಕೈಯಿಂದ ಇನ್ನೊಂದು ಕೈಗೆ ಬದಲಾಯಿತೇ ಹೊರತು ಇಳಿಯಲಿಲ್ಲ. ಅವನ ಕುತ್ತಿಗೆ, ಕಿವಿ ಬಿಸಿಲಿಗೆ ಕೆಂಪೇರಿದ್ದವು. ಅದನ್ನು ಅವಳು ನೋಡಿದಳು. ಇದಕ್ಕೂ ಒಂದು ಕಾರಣ ಹುಡುಕಲು ಹೋದಳು, ತಟ್ಟನೆ ಯಾವುದೂ ಸಿಗಲಿಲ್ಲ.

ಎರಡನೆಯ ದಿನ ಅದೇ ಹೂವು, ಅದೇ ದಾರ. ಆದರೆ ಒಳಗೆ ಕೇಸರಗಳೆಲ್ಲ ನಡುವಿಗೆ ಬಾಗಿ, ಬಟ್ಟಲೇ ಕಾಣದ ಹಾಗೆ ಮುಚ್ಚಳ ಹಾಕಿದ್ದವು. ಹೊರಸಾಲಿನವು ಒಡೆದು ಹಳದಿ ಪುಡಿ ಉದುರಿಸುತ್ತಿದ್ದವು.

“ಬಕೆಟ್ಟಿನ ಹೂವೂ ಮರುದಿನ ಹೀಗೇ ಆಗಿತ್ತು” ಎಂದಳು ಸುನೀತಾ. “ಕಿತ್ತ ಹೂವಲ್ಲವಾ, ಸೊರಗಿತು ಅಂದ್ಕೊಂಡೆ.”

“ಒಳಗೆ ನೋಡಿದ್ರಾ?”

“ಮುಚ್ಚಿತ್ತಲ್ಲ. ಮೊದಲ ದಿನವೇ ಬಟ್ಟಲು ನೋಡಿ ಬರೆದಾಗಿತ್ತು. ಮರುದಿನ ಅದರ ಮೇಲೆ ಮುಚ್ಚಿದ ಕೇಸರ ಬರೆದೆ.”

ಕಮಲಾಕರ ಚಿಮಟವನ್ನು ಅವಳ ಕೈಗೆ ಕೊಟ್ಟ. ಅವಳು ಬಗ್ಗಿ, ಬಾಗಿದ ಕೇಸರಗಳನ್ನು ಒಂದೊಂದಾಗಿ ಸರಿಸಿದಳು. ಒಳಗೆ ಬಟ್ಟಲು ಒಣಗಿತ್ತು. ನಿನ್ನೆಯ ರಸದ ಒಂದು ಹನಿಯೂ ಇರಲಿಲ್ಲ.

“ಎರಡನೇ ದಿನದಿಂದ ಇದು ಗಂಡು ಹೂವು” ಎಂದ ಅವನು ಮೆಲ್ಲಗೆ. “ಪುಡಿ ಕೊಡೂದಷ್ಟೇ ಕೆಲಸ. ರಸ ಬೇಡ.”

ಸುನೀತಾಳ ಕೆನ್ನೆ ಬಿಸಿಯಾಯಿತು. ನೋಡಿದ್ದನ್ನೇ ಬರೆಯುವವಳು ಎಂದು ಅಷ್ಟು ಜಂಬ ಕೊಚ್ಚಿಕೊಂಡಿದ್ದಳಲ್ಲ. ನಿನ್ನೆ ಕಂಡದ್ದನ್ನು ಇವತ್ತಿನ ಹೂವಿನೊಳಗೆ ಇಟ್ಟು, ಅದು ಅಲ್ಲೇ ಇದೆ ಎಂದು ನಂಬಿ ಬಣ್ಣ ಹಾಕಿದ್ದಳು. ಮತ್ತೊಮ್ಮೆ ತೆರೆದು ನೋಡಬೇಕೆಂದು ಅವಳಿಗೆ ಹೊಳೆದೇ ಇರಲಿಲ್ಲ.

“ನಂದೇ ತಪ್ಪು ಸರ್. ಸಿಟ್ಟು ಮಾಡಿದ್ದಕ್ಕೆ ಬೇಜಾರು ಮಾಡ್ಕಬೇಡಿ.”

“ಛೆ ಛೆ. ಮುಚ್ಚಿದ್ದನ್ನು ತೆಗೆದು ನೋಡೂದಕ್ಕೆ ಧೈರ್ಯ ಬೇಕು. ನಂಗೂ ಇಲ್ಲ” ಎಂದು ಅವನು ದೂರದ ದಂಡೆಯ ಕಡೆ ಮುಖ ತಿರುಗಿಸಿದ.

ಹೂವಿನ ಸುದ್ದಿಯಲ್ಲವೇನೋ ಇದು ಎಂದು ಅವಳಿಗೆ ಅನಿಸುವಷ್ಟರಲ್ಲಿ ಹೊನ್ನತ್ತೆ ದಂಡೆಯಿಂದ ಕೂಗು ಹಾಕಿದಳು. “ಏ ತಂಗೀ, ಭಟ್ರನ್ನ ಕರ್ಕಂಡು ಬಾ! ಗಂಜಿ ಆರ್ತದೆ!”

ಸುನೀತಾ ಗಾಬರಿಯಾದಳು. ಮೂರು ವರ್ಷದ ಕೆಳಗೆ ಅವನು ಮೊದಲ ಸಲ ಈ ಮನೆಗೆ ಬಂದಾಗ ಜಗಲಿಯಲ್ಲಿ ಕುಳಿತು ಎಳನೀರು ಮಾತ್ರ ಕುಡಿದಿದ್ದ. ಮೀನು ಬೇಯುವ ಮನೆಯಲ್ಲಿ ಸುಂಕಸಾಳದ ಭಟ್ಟರ ಮಗ ಇನ್ನೇನು ಮುಟ್ಟುತ್ತಾನೆ ಎಂದು ಅವಳೂ ಒತ್ತಾಯ ಮಾಡಿರಲಿಲ್ಲ.

ಇವತ್ತು ಅವನು ಕಾಲು ತೊಳೆದು ಸೀದಾ ಅಡುಗೆಮನೆಗೆ ನಡೆದ. ಕತ್ತೆತ್ತದೆಯೇ ಕೈ ಹಾಕಿ ಗೂಡಿನಿಂದ ಬಟ್ಟಲು ತೆಗೆದ. ಉಪ್ಪಿನಕಾಯಿ ಭರಣಿ ಎಲ್ಲಿದೆಯೆಂದು ಸುನೀತಾಳಿಗಿಂತ ಅವನಿಗೆ ಚೆನ್ನಾಗಿ ಗೊತ್ತಿತ್ತು. ಒಲೆಯ ಪಕ್ಕದ ಮಣೆಯ ಮೇಲೆ ಚಕ್ಕಳಮಕ್ಕಳ ಹಾಕಿ ಕುಳಿತು ಗಂಜಿ ಸುರಿಯತೊಡಗಿದ.

“ಇವರು ಯಾವಾಗಿಂದ ಇಲ್ಲಿ ಉಣ್ತಾರೆ ಅತ್ತೆ?” ಸುನೀತಾ ಹಿತ್ತಲಿನಲ್ಲಿ ಪಿಸುಗುಟ್ಟಿದಳು.

“ಹೋದ ಮಳೆಗಾಲದಿಂದ. ನಾ ಬೇರೆ ಪಾತ್ರೆ ತಕ್ಕಂಡು ಬಂದಿದ್ದೆ ಅವ್ರಿಗೆ ಅಂತ. ಬೇಡ ಹೊನ್ನತ್ತೆ, ನಾಳೆ ಅಭ್ಯಾಸ ಆಗ್ಬೇಕಲ್ಲ ಅಂದ್ರು.” ಹೊನ್ನತ್ತೆ ತೊಳೆದ ಸೌಟು ಕೊಡವಿದಳು. “ಎಂತದಕ್ಕೆ ಅಭ್ಯಾಸ ಅಂತ ನಾ ಕೇಳ್ಲಿಲ್ಲ. ನೀನೂ ಕೇಳ್ಲಿಲ್ವಾ?”

ಸುನೀತಾ ಕೇಳಿರಲಿಲ್ಲ.

ಮಧ್ಯಾಹ್ನವೆಲ್ಲ ಅವಳು ಹಲಗೆಯ ಮುಂದೆ ಕುಳಿತು ನೀಲಿ ಬಣ್ಣ ಕಲಸಿದಳು. ಬ್ರಶ್ಶು ಕಾಗದಕ್ಕೆ ಮುಟ್ಟಲಿಲ್ಲ. ಬಕೆಟ್ಟು, ಕಷಾಯ, ಕೊಡೆ, ಕೆಂಪೇರಿದ ಕಿವಿ, ಗಂಜಿಯ ಬಟ್ಟಲು ಒಂದೊಂದೇ ನೆನಪಾಗಿ ಸಾಲಾಗಿ ನಿಂತವು. ಅವಳು ಬರೆದದ್ದು ಹೂವೊಂದನ್ನೇ ತಪ್ಪಾಗಿ ಅಲ್ಲ. ಕಡಲ ದಂಡೆಯಲ್ಲಿ ಕಂಡ ಕಮಲಾಕರನನ್ನೇ ಮೂರು ವರ್ಷ ಬರೆದುಕೊಂಡು ಬಂದಿದ್ದಳು. ಇವತ್ತಿನವನೊಳಗೆ ಏನಿದೆ ಎಂದು ಒಮ್ಮೆಯೂ ನೋಡಿರಲಿಲ್ಲ. ಅವಳಿಗೆ ಖುಷಿಯಾಯಿತು, ಅಳುವೂ ಬಂತು, ಕೊನೆಗೆ ಹೆದರಿಕೆಯಾಯಿತು. ತೆರೆದು ನೋಡಿದಾಗ ಒಳಗೆ ಒಣಗಿದ್ದರೆ? ಸೋಮವಾರಕ್ಕೆ ಇದ್ದದ್ದು ನಾಳೆಯೊಂದೇ ದಿನ.

ಮೂರನೆಯ ಬೆಳಿಗ್ಗೆ ಹೂವು ಪೂರ್ತಿ ಬಿರಿಯಲಿಲ್ಲ. ನೀಲಿ ಸ್ವಲ್ಪ ಮಾಸಿತ್ತು. ದೋಣಿಯಲ್ಲಿ ಕುಳಿತ ಸುನೀತಾ ಪೆನ್ಸಿಲನ್ನು ಡಬ್ಬಿಯೊಳಗೆ ಹಾಕಿ ಮುಚ್ಚಳ ಮುಚ್ಚಿದಳು.

“ಬರೆಯೂದಿಲ್ಲವಾ?” ಎಂದ ಕಮಲಾಕರ, ಕೊಡೆ ಬಿಚ್ಚುತ್ತ.

“ಮೊದಲು ಒಂದು ಮಾತು. ಮೂರು ವರ್ಷದ ಕೆಳಗೆ ನಿಮ್ಮನ್ನ ಒಂದು ಪ್ರಶ್ನೆ ಕೇಳಿದ್ದೆ. ಶೇಂಗಾ ತಿನ್ನುವಾಗ.”

ಕೊಡೆ ಅರ್ಧಕ್ಕೆ ನಿಂತಿತು. ಅವನು ಮರೆತಿರಲಿಲ್ಲ. ಅದು ಅವನ ಮುಖದ ಮೇಲೆ ಅಚ್ಚಾಗಿ ಕಂಡಿತು.

“ಅದನ್ನೇ ಮತ್ತೆ ಕೇಳ್ತೆ. ಆ ದಿನ ತಮಾಷೆ ಮಾಡಿ ಕೇಳಿದ್ದೆ. ಇವತ್ತು ತಮಾಷೆ ಅಲ್ಲ. ಮದುವೆ ವಿಚಾರ ಏನು ನಿಮ್ಮದು?”

ದೋಣಿ ತನ್ನಷ್ಟಕ್ಕೆ ನಿಧಾನ ತಿರುಗಿತು. ಅವನು ನೀರನ್ನು ನೋಡಿದ, ಹೂವನ್ನು ನೋಡಿದ, ಕೊನೆಗೆ ಬೇರೆ ದಾರಿಯಿಲ್ಲದೆ ಅವಳನ್ನು ನೋಡಿದ. ಕನ್ನಡಕದ ಹಿಂದೆ ಆ ಕಣ್ಣುಗಳು ಇಷ್ಟು ಹತ್ತಿರದಿಂದ ಅವಳಿಗೆ ಹೊಸವು. ರೆಪ್ಪೆ ಬಡಿಯುವುದನ್ನೂ ಬಿಟ್ಟು ನೋಡುತ್ತಿದ್ದ.

“ಆ ದಿನ ನೀವು ಎಂತಕ್ಕೆ ಕೇಳಿದ್ರಿ ಅಂತ ನನಗೆ ತಿಳೀಲೇ ಇಲ್ಲ” ಎಂದ. “ತಿಳಿಯುವಷ್ಟರಲ್ಲಿ ಅಂಕೋಲೆ ಮುಟ್ಟಿದ್ದೆ. ತಿರುಗಿ ಬಂದು ಹೇಳಬೇಕಿತ್ತು. ಮರುದಿನ ನೀವು ಏನೂ ಆಗದ ಹಾಗೆ ನಕ್ಕೊಂಡು ಇದ್ರಿ. ನಾನೇ ಏನೋ ಕಲ್ಪನೆ ಮಾಡ್ಕೊಂಡೆ ಅಂದ್ಕೊಂಡೆ.”

“ಮತ್ತೆ?”

“ಮತ್ತೆ ತಪ್ಪು ಹುಡುಕಲಿಕ್ಕೆ ಶುರು ಮಾಡಿದೆ.”

“ಎಂತ ತಪ್ಪು?”

“ಚಿತ್ರದಲ್ಲಿ. ತಪ್ಪಿದ್ರೆ ತಾನೆ ಮತ್ತೆ ಕಾರವಾರಕ್ಕೆ ಬರೂದು?” ಅವನು ತಲೆ ಕೆರೆದುಕೊಂಡ. “ಆ ಕೆಸುವಿನ ಎಲೆಯ ನರ ಸರಿಯಾಗೇ ಇತ್ತು.”

“ಏನಂದ್ರಿ? ನಾಲ್ಕು ಸಲ ತಿದ್ದಿಸಿದೀರಿ ಅದನ್ನ!”

“ನಾಲ್ಕು ಸಲ ಚಹಾ ಕುಡಿದೆ.”

“ಅಯ್ಯೋ ದೇವರೇ! ಮತ್ತೆ ಈ ನೈದಿಲೆ?”

“ನೈದಿಲೆ ಖರೇನೇ ತಪ್ಪಿತ್ತು. ಅದೊಂದೇ.”

ಅವಳು ಕೆರೆಯ ನೀರನ್ನು ಬೊಗಸೆಯಲ್ಲಿ ಎತ್ತಿ ಅವನ ಮುಖಕ್ಕೆ ಎರಚಿದಳು. ಅವನು ಕೊಡೆ ಅಡ್ಡ ಹಿಡಿಯಲಿಲ್ಲ. ಒದ್ದೆ ಕನ್ನಡಕ ತೆಗೆದು ಹಾಗೇ ಕುಳಿತ. ಇಬ್ಬರೂ ನಕ್ಕರು. ನಗು ನಿಂತ ಮೇಲೆ ಅವಳು ಸಣ್ಣ ದನಿಯಲ್ಲಿ ಕೇಳಿದಳು: “ಪುಣೆ ಸುದ್ದಿ ಹೇಳಿದಾಗ ಲಗೂನ ಮುಗಿಸ್ಬೇಕು ಅಂದ್ರಲ್ಲ. ನನಗೆ ಎಷ್ಟು ಬೇಜಾರಾಯ್ತು ಗೊತ್ತಾ?”

“ಬಾಯಿಗೆ ಬೇರೆ ಏನೂ ಬರಲಿಲ್ಲ. ಹೋಗ್ಬೇಡಿ ಅಂತ ಬಂದದ್ದನ್ನ ನುಂಗಿದೆ. ಅದು ಹೇಳುವ ಮಾತಲ್ಲ. ನಿಮ್ಮ ಕೈಗೆ ಈ ಒಂದು ಕೆರೆ ಸಾಲದು. ನೀವು ಹೋಗಬೇಕು.”

“ಹೋಗ್ತೆ” ಎಂದಳು ಸುನೀತಾ. ಹೇಳುವಾಗಲೇ ಅದು ಖರೆಯೆಂದು ಅವಳಿಗೆ ತಿಳಿಯಿತು. ಇವನಿಂದ ತಪ್ಪಿಸಿಕೊಂಡು ಹೋಗುವುದು ಬೇರೆ, ಇವನು ಕಳಿಸಿಕೊಟ್ಟು ಹೋಗುವುದು ಬೇರೆ. “ಆದರೆ ನನ್ನ ಪ್ರಶ್ನೆಗೆ ಇನ್ನೂ ಉತ್ತರ ಬರಲಿಲ್ಲ.”

“ನನಗೆ ನೀವು ಬೇಕು” ಎಂದ ಕಮಲಾಕರ. ಅಷ್ಟು ಹೇಳಿ ಓಡಿಬಂದವನ ಹಾಗೆ ಉಸಿರು ಬಿಟ್ಟ. “ಆಯಿಗೆ ಹೇಳಿದೀನಿ. ನಾಲ್ಕು ದಿನ ಮಾತು ಬಿಟ್ಟಿದ್ಲು. ಆಮೇಲೆ ಅವಳೇ ಬಂದು, ಅವಳ ಮೀನು ಅವಳಿಗೆ, ನನ್ನ ಒಲೆ ನನಗೆ ಅಂದ್ಲು. ಅಪ್ಪ ಇನ್ನೂ ಗುರ್ ಅಂತಾರೆ. ಹೊನ್ನತ್ತೆಗೆ ಗೊತ್ತಾದ ಹಾಗೆ ಕಾಣ್ತದೆ.”

“ಚೊಲೋ ಆಯ್ತು. ಊರಿಗೆಲ್ಲ ಗೊತ್ತು. ನನಗೊಬ್ಬಳಿಗೆ ಬಿಟ್ಟು!”

“ಉಳಿದವರಿಗೆ ಹೇಳೂದು ಸುಲಭ. ಅವರು ಇಲ್ಲ ಅಂದ್ರೆ ಅಷ್ಟು ನೋವಾಗೂದಿಲ್ಲ.”

ಈ ಮಾತಿಗೆ ಅವಳ ಕಣ್ಣು ತುಂಬಿತು. ಅವನ ಒದ್ದೆ ಕನ್ನಡಕ ತೆಗೆದುಕೊಂಡು ತನ್ನ ಸೆರಗಿನಿಂದ ಒರೆಸಿ, ಅವಳೇ ಅವನ ಕಿವಿಗೆ ಸಿಕ್ಕಿಸಿದಳು. ಬೆರಳು ಅವನ ಕೆನ್ನೆಯ ಮೇಲೆ ಬೇಕಾದದ್ದಕ್ಕಿಂತ ಸ್ವಲ್ಪ ಹೆಚ್ಚೇ ಹೊತ್ತು ನಿಂತಿತು.

“ಈಗ ಸರಿಯಾಗಿ ಕಾಣ್ತದಾ?”

“ಕಾಣ್ತದೆ” ಎಂದ ಅವನು, ಅವಳ ಬೆರಳು ಬಿಡದೆ.

“ಹಾಗಾದ್ರೆ ನನ್ನ ಉತ್ತರವೂ ಕೇಳಿ. ನಂದು ಆ ದಿನವೂ ಹೌದು, ಇವತ್ತೂ ಹೌದು.”

ಆ ದಿನ ಕೊಡೆ ನೀರಿಗೆ ಬಿದ್ದದ್ದೂ, ಅದನ್ನು ಹಿಡಿಯಹೋಗಿ ದೋಣಿಗೆ ಅರ್ಧ ಕೆರೆ ಬಂದದ್ದೂ, ಹೊನ್ನತ್ತೆ ದಂಡೆಯಲ್ಲಿ ನಿಂತು ಇಬ್ಬರಿಗೂ ಮನಸೋ ಇಚ್ಛೆ ಬೈದದ್ದೂ ಅವರ್ಸಾದವರು ಇನ್ನೂ ಹೇಳುತ್ತಾರೆ.

ಮರುದಿನ ಸೋಮವಾರ. ಸುನೀತಾ ಬೆಳಿಗ್ಗೆಯೇ ಪುಣೆಗೆ ಫೋನು ಮಾಡಿ ಬರುತ್ತೇನೆಂದು ಹೇಳಿ ಕೆರೆಗೆ ಹೋದಳು. ನೀರಿನ ಮೇಲೆ ಅವರ ಹೂವಿರಲಿಲ್ಲ. ಕೆಂಪು ದಾರ ಮಾತ್ರ ಆಳದಲ್ಲಿ ಮಸುಕಾಗಿ ಕಾಣುತ್ತಿತ್ತು. ಅವಳು ಬಗ್ಗಿ ಕೈ ಹಾಕಿದಾಗ ಕಮಲಾಕರ ತಡೆದ.

“ಎಳೀಬೇಡ. ದಂಟು ಸುರುಳಿ ಸುತ್ತಿ ಹೂವನ್ನ ಒಳಗೆ ಕರ್ಕಂಡಿದೆ. ಕಾಯಿ ನೀರಿನೊಳಗೇ ಬಲೀಬೇಕು. ಬಲಿತ ಮೇಲೆ ಬೀಜ ತಾನಾಗೇ ತೇಲ್ತದೆ.”

“ಎಷ್ಟು ದಿನ ಬೇಕು?”

“ನೀನು ಒಂದು ವರ್ಷಕ್ಕೆ ಹೋಗ್ತಾ ಇದ್ದಿ. ಅದಕ್ಕೆ ಅಷ್ಟು ಬೇಡ.”

ಮೊದಲ ಸಲ ಅವನು ನೀನು ಎಂದಿದ್ದ.

ದೀಪಾವಳಿಗೆ ಮುಂಚೆ ಕಾರವಾರದ ಅದೇ ಮೇಜಿನ ಮೇಲೆ ಹೊಸ ಚಿತ್ರ ಬಿಚ್ಚಿಕೊಂಡಿತು. ಈಗ ಅದರಲ್ಲಿ ಎರಡು ಹೂಗಳಿದ್ದವು. ಮೊದಲ ದಿನದ್ದು ನೆಟ್ಟಗಿನ ಕೇಸರ, ರಸ ತುಂಬಿದ ಬಟ್ಟಲು. ಎರಡನೆಯ ದಿನದ್ದು ಬಾಗಿದ ಕೇಸರ, ಒಣಗಿದ ಬಟ್ಟಲು. ಕೆಳಗೆ ಸುರುಳಿ ಸುತ್ತಿದ ದಂಟು, ಅದರ ತುದಿಯಲ್ಲಿ ಎಳೆಯ ಕಾಯಿ. ಕಮಲಾಕರ ಲೆನ್ಸ್ ಹಿಡಿದು ಇಂಚಿಂಚಾಗಿ ನೋಡಿದ. ಸುನೀತಾ ಚಹಾದ ಕಪ್ಪು ಹಿಡಿದು ಬಾಗಿಲಲ್ಲಿ ನಿಂತು ಅವನನ್ನು ನೋಡಿದಳು.

ಲೆನ್ಸು ದಂಟಿನ ಹತ್ತಿರ ಬಂದು ನಿಂತಿತು.

“ಈ ಕೆಂಪು ದಾರ ಗಿಡದ ಯಾವ ಭಾಗ ಅಕ್ಕೋರೆ?”

“ನಾನು ನೋಡಿದ್ದನ್ನೇ ಬರೆಯೂದು.”

ಅವನು ಕತ್ತೆತ್ತಲಿಲ್ಲ. ಆದರೆ ಅವನ ಕಿವಿ ಬಿಸಿಲಿಲ್ಲದೆಯೂ ಕೆಂಪಾದದ್ದು ಅವಳಿಗೆ ಕಂಡಿತು.

“ಅಳಿಸ್ಬೇಕಾ?”

“ಬೇಡ. ಇರಲಿ.” ಅವನು ಗಂಟಲು ಸರಿಮಾಡಿಕೊಂಡ. “ಆದ್ರೆ ಇದರಲ್ಲಿ ಇನ್ನೊಂದು ತಪ್ಪಿದೆ.”

“ಎಲ್ಲಿ?” ಅವಳು ಕಪ್ಪನ್ನು ಇಟ್ಟು ಓಡಿಬಂದು ಬಗ್ಗಿದಳು. ತಲೆಗೆ ತಲೆ ತಾಗಿತು.

“ಈಗ ಸಿಗ್ತಾ ಇಲ್ಲ. ಪುಣೆಗೆ ಬಂದು ಹುಡುಕ್ಬೇಕು. ನಾಲ್ಕೈದು ಸಲ ಬರಬೇಕಾಗ್ತದೋ ಏನೋ.”

ಸುನೀತಾ ಲೆನ್ಸನ್ನು ಅವನ ಕೈಯಿಂದ ಕಿತ್ತುಕೊಂಡು ಅವನ ಮುಖಕ್ಕೇ ಹಿಡಿದಳು. ಒಂದು ದೊಡ್ಡ ಕಣ್ಣು ಅವಳನ್ನು ನೋಡಿ ನಗುತ್ತಿತ್ತು.

“ಬರುವಾಗ ಬಕೆಟ್ಟು ಮರೀಬೇಡ” ಎಂದಳು.